ಕಳಕಪ್ಪಜ್ಜನ ಸದ್ದು

ಗೋಪಣ್ಣನ ಪೇಚಾಟಕ್ಕೆಲ್ಲ ಮೂಲ ಒಂದು ಸಾಲಿನ ಬರಹ. ಮಾತಾಡುವ ಸಿನಿಮಾ ಬಂದ ಹೊಸತರಲ್ಲಿ ಅವನ ಅಜ್ಜ ಕಳಕಪ್ಪ ಬೆಟಗೇರಿಯ ಮಗ್ಗ ಬಿಟ್ಟು ಕೊಲ್ಲಾಪುರಕ್ಕೆ ಹೋಗಿದ್ದ. ಮೊದಲ ಚಿತ್ರದಲ್ಲಿ ನಿಂತುಕೊಂಡೇ ಇರುವ ಮಂತ್ರಿಯಾಗಿ ಹೆಸರು ಮಾಡಿದ. ಎರಡನೆಯದರಲ್ಲಿ ರಾಜನಾಗಿ ಸಿಂಹಾಸನವೇರಿದವನು ಮೂರೇ ದಿನಕ್ಕೆ ಊರಿಗೆ ಮರಳಿದ. ಯಾಕೆಂದು ಸಾಯುವ ತನಕ ಬಾಯಿ ಬಿಡಲಿಲ್ಲ. ಈಗ ಹಳೆಯ ನಟರ ಬಗ್ಗೆ ಚಿತ್ರ ತೆಗೆಯುವ ಧಾರವಾಡದ ಮಮತಾ, ಆ ಕಂಪನಿಯ ದಫ್ತರದ ಒಂದು ಹಾಳೆಯ ಝೆರಾಕ್ಸ್ ಹಿಡಿದು ಮನೆಗೆ ಬಂದಿದ್ದಳು. ಅದರಲ್ಲಿ ಹೀಗಿತ್ತು: ‘ರಾಜನ ಪಾತ್ರದ ಕಳಕಪ್ಪನನ್ನು ಕೈಬಿಟ್ಟಿದೆ. ಕಾರಣ: ಸದ್ದು.’

ಎಂಥ ಸದ್ದು? ಓಣಿಗೆ ಓಣಿಯೇ ತಲೆ ಕೆಡಿಸಿಕೊಂಡಿತು.

"ಗೊರಕಿ ಇರಬೇಕು," ಎಂದಳು ಪಕ್ಕದ ಮನೆಯ ಗುರುಸಿದ್ದವ್ವ. "ಸಿಂಹಾಸನಕ್ಕ ಮೆತ್ತನ ಗಾದಿ ಹಾಕಿರ್ತಾರ."

"ಉಳ್ಳಾಗಡ್ಡಿ ತಿಂದ ಹೊಟ್ಟಿ, ಸುಮ್ಮ ಕುಂಡ್ರತೈತೇನು?" ಎಂದ ಎದುರುಮನೆಯ ಸಕ್ರಪ್ಪ. ಕಳಕಪ್ಪಜ್ಜನ ಹೆಸರೆತ್ತಿದರೆ ಕೊಂಕು ತೆಗೆಯುವುದು ಅವನ ನಲವತ್ತು ವರ್ಷದ ಕಸುಬು.

ಗೋಪಣ್ಣನ ಮೈ ಉರಿಯಿತು. ಇವತ್ತು ಕ್ಯಾಮೆರಾದ ಮುಂದೆ ಅಜ್ಜನ ಕತೆ ಹೇಳಿ ಈ ಬಾಯಿಗಳನ್ನೆಲ್ಲ ಮುಚ್ಚಿಸಬೇಕೆಂದು ಮೀಸೆಗೆ ಬಣ್ಣ ಹಚ್ಚಿ, ಮದುವೆಯ ಕೋಟು ತೊಟ್ಟು, ಮುಖಕ್ಕೆ ಎರಡು ಸಲ ಪೌಡರ್ ಬಳಿದುಕೊಂಡು ಕುರ್ಚಿಯಲ್ಲಿ ಕೂತ. "ರಾಜನ ಮೊಮ್ಮಗ, ಕಾಲ ನೆಲಕ್ಕ ಇಡಬಾರದು," ಎಂದು ಸಕ್ರಪ್ಪನೇ ಊಟದ ಮಣೆಯೊಂದನ್ನು ತಂದು ಕಾಲ ಕೆಳಗಿಟ್ಟ.

"ಹೇಳ್ರಿ ಕಾಕಾ," ಎಂದಳು ಮಮತಾ.

"ನಮ್ಮಜ್ಜ ಅಂದ್ರ..." ಎಂದು ಗೋಪಣ್ಣ ಶುರು ಮಾಡಿದ್ದೇ ತಡ, ಧ್ವನಿ ಹಿಡಿಯುವ ಇಜಾಜ ಹೆಡ್‌ಫೋನ್ ಒತ್ತಿಕೊಂಡು ಕೈ ಎತ್ತಿದ.

"ನಿಲ್ಲಸ್ರಿ. ಎಲ್ಲೋ ಟಕ್ ಟಕ್ ಅಂತೈತಿ."

"ಮಗ್ಗದ ಓಣಿ ಇದು, ಟಕ್ ಅನ್ನದ ಮತ್ತೇನಂತೈತಿ?" ಎನ್ನುತ್ತ ಸಕ್ರಪ್ಪ ಹೋಗಿ ಓಣಿಯಲ್ಲಿ ಉಳಿದಿದ್ದ ಮೂರೂ ಮಗ್ಗ ನಿಲ್ಲಿಸಿ ಬಂದ. ಗೋಪಣ್ಣ ಬಾಯಿ ತೆರೆದ. ಟಕ್ ಟಕ್. ಹಿಟ್ಟಿನ ಗಿರಣಿ ನಿಂತಿತು. ಆದರೂ ಟಕ್ ಟಕ್. ಗುರುಸಿದ್ದವ್ವನ ಶೇಂಗಾ ಚಟ್ನಿ ಅರ್ಧ ಕುಟ್ಟಿದಲ್ಲೇ ಉಳಿಯಿತು. ಗೋಡೆ ಗಡಿಯಾರದ ಸೆಲ್ ಕಿತ್ತರು. ಅಧಿಕಾರದ ರುಚಿ ಹತ್ತಿದ ಸಕ್ರಪ್ಪ ಹಾಲು ಹಾಕಲು ಬಂದವನ ಚಪ್ಪಲಿಯನ್ನೂ ಬಿಚ್ಚಿಸಿದ.

ಕಡೆಗೆ ಸೊಳ್ಳೆ ಕೂತದ್ದೂ ಕೇಳುವಷ್ಟು ಓಣಿ ತಣ್ಣಗಾಯಿತು. ಗೋಪಣ್ಣ ಬಾಯಿ ತೆರೆದ. ಟಕ್ ಟಕ್. ಮುಚ್ಚಿದ. ಸದ್ದಿಲ್ಲ.

"ಕಾಕಾನ ಒಳಗ ಐತೇನ ಮತ್ತ?" ಎಂದು ಇಜಾಜ ಕಂಗಾಲಾದ.

ಬಾಗಿಲಲ್ಲಿ ನಿಂತಿದ್ದ ಗೋಪಣ್ಣನ ಹೆಂಡತಿ ಲಕ್ಷ್ಮೀದೇವಿಗೆ ಇನ್ನು ತಡೆಯಲಾಗಲಿಲ್ಲ. "ಬಾಯಿ ಏನ ನೋಡ್ತೀರಿ, ಕಾಲ ನೋಡ್ರಿ. ಐವತ್ತ ವರ್ಷ ಮಗ್ಗದ ಕುಣಿಯೊಳಗ ಇಳಿಬಿಟ್ಟು ತುಳದ ಕಾಲು. ಕುಂತು ಮಾತಾಡಿದ್ರ ತಾವ ನಡೀತಾವು. ಇವರಜ್ಜಂದೂ ಹಿಂಗ ಇತ್ತಂತ ನಮ್ಮತ್ತಿ ಹೇಳತಿದ್ರು."

ಎಲ್ಲರೂ ಕೆಳಗೆ, ಮಣೆಯ ಮೇಲಿದ್ದ ಕಾಲುಗಳನ್ನು ನೋಡಿದರು. ಮಮತಾ ಝೆರಾಕ್ಸ್ ಹಾಳೆಯನ್ನು ಮತ್ತೊಮ್ಮೆ ಓದಿದಳು. ನಿಂತ ಮಂತ್ರಿಗೆ ಇರದ ಸದ್ದು ಕೂತ ರಾಜನಿಗೆ ಎಲ್ಲಿಂದ ಬಂತೆಂಬುದು ಈಗ ಯಾರೂ ಬಿಡಿಸಿ ಹೇಳಬೇಕಿರಲಿಲ್ಲ. ಗೋಪಣ್ಣನಿಗೆ ಎದೆ ತುಂಬಿ ಬಂತು. ಗೊರಕೆಯಲ್ಲ, ಹೊಟ್ಟೆಯಲ್ಲ, ಕಸುಬು. ಅಜ್ಜ ಸಿಂಹಾಸನದ ಮೇಲೆ ಕೂತೂ ಸೀರೆ ನೇಯ್ದಿದ್ದ.

ಅದನ್ನೇ ಹೇಳಲು ಹೊರಟ. ಎಬ್ಬಿಸಿ ನಿಲ್ಲಿಸಿ ನೋಡಿದರು, ಕೂತು ಕೂತು ಹಿಡಿದುಹೋದ ಮೊಣಕಾಲು ಎರಡು ಮಾತಿಗೇ ನಡುಗಿತು. ಕೂಡಿಸಿ, ಮಣೆ ತೆಗೆದು, ಕಾಲಿಗೆ ಕೌದಿ ಸುತ್ತಿ ಬಿಗಿದರು. ಕಾಲು ನಿಂತಿತು, ಅದರ ಜೊತೆಗೆ ಮಾತೂ ನಿಂತಿತು. "ನಮ್ಮಜ್ಜ... ಅಜ್ಜ..." ಎಂಬಲ್ಲಿಂದ ಗೋಪಣ್ಣ ಮುಂದೆ ಸಾಗಲಿಲ್ಲ.

"ಏಳೋ ಗೋಪಣ್ಣ, ನಾ ಹೇಳ್ತೀನಿ. ನಲವತ್ತ ವರ್ಷ ಕೇಳೀನಿ," ಎಂದು ಸಕ್ರಪ್ಪ ಕುರ್ಚಿ ಹಿಡಿದ. ಒಂದು ಕೊಂಕಿಲ್ಲದೆ, ಕಣ್ಣಲ್ಲಿ ನೀರು ತಂದುಕೊಂಡು, ಸ್ವಂತ ಅಜ್ಜನ ಕತೆ ಹೇಳಿದಂತೆ ಹೇಳಿ ಮುಗಿಸಿದ. ಗುರುಸಿದ್ದವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು.

"ನಿಮ್ಮನ್ನ ಬಿಟ್ಟು ಚಿತ್ರ ಆಗೂದಿಲ್ರಿ ಕಾಕಾ," ಎಂದು ಮಮತಾ ಗೋಪಣ್ಣನ ಕಡೆ ಕ್ಯಾಮೆರಾ ತಿರುಗಿಸಿದಳು. ಗೋಪಣ್ಣ ಕೋಟು ಜಗ್ಗಿ, ಮೀಸೆ ತೀಡಿ ನಗೆ ಮುಖ ಮಾಡಿದ.

"ಮಾರಿ ಬ್ಯಾಡ್ರಿ," ಎಂದಳು ಮಮತಾ. "ಆ ಊಟದ ಮಣಿ ಮತ್ತ ಕಾಲ ಕೆಳಗ ಇಡ್ರಿ. ಕಾಲಷ್ಟ ಸಾಕು."

ಅಜ್ಜನದು ಮುಖವಾದರೂ ತೆರೆಯ ಮೇಲೆ ಬಂದಿತ್ತು. ಗೋಪಣ್ಣ ಒಡೆದ ಹಿಮ್ಮಡಿಗಳನ್ನು ನೋಡಿಕೊಂಡ. ಬೆಳಗಿನಿಂದ ಅಷ್ಟೆಲ್ಲ ಸಿಂಗರಿಸಿಕೊಂಡವನು ತೊಳೆಯದೆ ಬಿಟ್ಟದ್ದು ಅವೆರಡನ್ನೇ.