ಒಂದೇ ಒಂದು ಬಸವನಹುಳು

ಹಲ್ಲಣ್ಣನ ಆವತ್ತಿನ ಗ್ರಹಚಾರ ಶುರುವಾದದ್ದು ಒಂದು ಸೌತೆಕಾಯಿ ಬಿಲ್ಲೆಯಿಂದ.

ಹಿಂದಿನ ಸಂಜೆ ಕ್ಲಿನಿಕ್ ಮುಚ್ಚುವ ಮೊದಲು ಆ ಬಿಲ್ಲೆಯನ್ನು ಎರಡು ನಿಮಿಷ ಬೇಯಿಸಿ, ಆರಿಸಿ, ತೇಲದಿರಲಿ ಅಂತ ಫೋರ್ಕಿಗೆ ಚುಚ್ಚಿ ಗಾಜಿನ ತೊಟ್ಟಿಯೊಳಗೆ ಇಳಿಬಿಟ್ಟು ಹೋಗಿದ್ದ. ಬೆಳಗ್ಗೆ ಒಂಬತ್ತಕ್ಕೆ ಬಂದಾಗ ಬರೀ ಸಿಪ್ಪೆಯ ಉಂಗುರ ಉಳಿದಿರಬೇಕು. ದಿನವೂ ಹಾಗೇ. ಇವತ್ತು ಬಿಲ್ಲೆ ಹುಣ್ಣಿಮೆ ಚಂದ್ರನ ಹಾಗೆ ಇಡಿಯಾಗಿ ನಿಂತಿತ್ತು. ತಿನ್ನಬೇಕಾದವನೇ ಇರಲಿಲ್ಲ. ತೊಟ್ಟಿಯ ಮುಚ್ಚಳ ಎರಡು ಬೆರಳಷ್ಟು ಸರಿದಿತ್ತು.

ಹಲ್ಲಣ್ಣ ಹಲ್ಲಿನ ಕ್ಲಿನಿಕ್ಕಿನ ಹಿಂಬದಿ ಕೋಣೆಯಲ್ಲಿ ಕೂತು ಹಲ್ಲು ಸೆಟ್ಟು ಮಾಡುವವನು. ಇಪ್ಪತ್ತು ವರ್ಷದಿಂದ ಅದೇ ಕೆಲಸ. ಅವನು ಮಾಡಿದ ಹಲ್ಲು ಊರೆಲ್ಲಾ ನಗುತ್ತಾ ಓಡಾಡುತ್ತಿದ್ದರೂ ಒಂದು ಬಾಯಲ್ಲೂ ಅವನ ಹೆಸರು ಬರುತ್ತಿರಲಿಲ್ಲ. ಸೆಟ್ಟು ಚೆನ್ನಾಗಿ ಕೂತರೆ ಅದು ಡಾಕ್ಟರಮ್ಮನ ಕೈಗುಣ. ಒಸಡಿಗೆ ಒತ್ತಿದರೆ ಹಲ್ಲಣ್ಣನ ತಪ್ಪು. ಇಂಥ ಬಾಳಿನಲ್ಲಿ ಅವನದು ಅಂತ ಹೇಳಿಕೊಳ್ಳೋಕೆ ಇದ್ದದ್ದು ಗುಂಡ ಒಬ್ಬನೇ.

ಗುಂಡ ಬಂಗಾರದ ಬಣ್ಣದ ನೀರಿನ ಬಸವನಹುಳು. ಐದು ತಿಂಗಳ ಹಿಂದೆ, ಮೀನಿನ ಅಂಗಡಿಯಲ್ಲಿ ಒಂದೇ ತೊಟ್ಟಿಯಲ್ಲಿ ಮೂವತ್ತು ಹುಳುಗಳು ತುಂಬಿದ ಬಸ್ಸಿನ ಹಾಗೆ ಒತ್ತಿಕೊಂಡಿದ್ದಾಗ, ಅದರಲ್ಲಿ ನೆಲ್ಲಿಕಾಯಿ ಗಾತ್ರದ ಇವನನ್ನು ಆರಿಸಿ ತಂದಿದ್ದ. ಈಗ ನಿಂಬೆಹಣ್ಣಿನಷ್ಟಾಗಿದ್ದ. ಸುಮ್ಮನೆ ಆಗಲಿಲ್ಲ. ನಲ್ಲಿ ನೀರನ್ನು ಒಂದು ದಿನ ಬಕೆಟ್ಟಿನಲ್ಲಿಟ್ಟು ಆಮೇಲೆ ಹಾಕಬೇಕು. ಪಾಲಕ್ ಎಲೆ ಬೇಯಿಸಿ ಕೊಡಬೇಕು. ತಿಂದು ಬಿಟ್ಟದ್ದನ್ನು ಬೆಳಗ್ಗೆಯೇ ತೆಗೆಯಬೇಕು, ಇಲ್ಲದಿದ್ದರೆ ನೀರು ಕೆಡುತ್ತದೆ. ಚಿಪ್ಪು ಗಟ್ಟಿಯಾಗಲಿ ಅಂತ ಮೊಟ್ಟೆ ಸಿಪ್ಪೆಯನ್ನು ಕುದಿಸಿ, ಒಣಗಿಸಿ, ಹಲ್ಲು ಸೆಟ್ಟು ಉಜ್ಜಿ ನಯ ಮಾಡುವ ಮಿಷಿನ್ನಿನಲ್ಲೇ ಪುಡಿ ಮಾಡಿ ಹಾಕುತ್ತಿದ್ದ. ಡಾಕ್ಟರಮ್ಮನ ಹತ್ತಿರ ಬರುವ ಯಾವ ಬಾಯಲ್ಲೂ ಇಲ್ಲದಷ್ಟು ಕ್ಯಾಲ್ಸಿಯಂ ಗುಂಡನ ಚಿಪ್ಪಿನಲ್ಲಿತ್ತು. ಹೊಸ ಪೇಷೆಂಟ್ ಬಂದರೆ ಹಲ್ಲಣ್ಣ ಹಲ್ಲಿನ ಅಳತೆಗಿಂತ ಮೊದಲು ಗುಂಡನನ್ನು ತೋರಿಸುತ್ತಿದ್ದ. ಇತ್ತೀಚೆಗಂತೂ ಗುಂಡ ಎರಡು ಪಾಲು ತಿನ್ನುತ್ತಿದ್ದ, ನೀರು ಬಿಟ್ಟು ಗಾಜಿನ ಮೇಲೆ ಮೇಲೆ ಹತ್ತುತ್ತಿದ್ದ. ವ್ಯಾಯಾಮ ಮಾಡ್ತಾನೆ ಅಂತ ಹಲ್ಲಣ್ಣ ಎಲ್ಲರಿಗೂ ಹೇಳಿಕೊಂಡು ತಿರುಗಿದ್ದ.

ಅಂಥವನು ಕಾಣೆಯಾಗೋಕೆ ಇವತ್ತೇ ಬೇಕಿತ್ತಾ? ಕಟ್ಟಡದ ಓನರಮ್ಮ ಮೇಲಿನ ಮಹಡಿಯಲ್ಲೇ ಇರುವವರು. ಬಾಡಿಗೆ ಕರಾರಿನಲ್ಲಿ ಪ್ರಾಣಿ ಸಾಕಬಾರದು ಅಂತ ಬರೆದಿದ್ದರು. ಗುಂಡನ ಸುದ್ದಿ ಹೋದ ವಾರ ಅವರ ಕಿವಿಗೆ ಬಿದ್ದಿತ್ತು. ಹೊಸ ಹಲ್ಲು ಸೆಟ್ಟು ಹಾಕಿಸಿಕೊಳ್ಳೋಕೆ ಇವತ್ತು ನಾಲ್ಕು ಗಂಟೆಗೆ ಬರುತ್ತೇನೆ, ಆಗಲೇ ಆ ಹುಳವನ್ನೂ ನೋಡಿ ತೀರ್ಮಾನ ಮಾಡುತ್ತೇನೆ ಅಂತ ಹೇಳಿಕಳಿಸಿದ್ದರು. ಅವರು ಬೇಡ ಅಂದರೆ ಗುಂಡ ಸಂಜೆಯೇ ಜಾಗ ಖಾಲಿ ಮಾಡಬೇಕು. ಮನೆಗೆ ಒಯ್ಯೋಣ ಅಂದರೆ ಹೆಂಡತಿ ಮೊದಲೇ ಹೇಳಿಬಿಟ್ಟಿದ್ದಳು, ಹುಳ ಒಳಗೆ ಬಂದರೆ ತಾನು ಹೊರಗೆ ಅಂತ. ಅವಳು ಹೇಳಿದ್ದನ್ನು ಮಾಡುವ ಪೈಕಿ.

"ಮುಚ್ಚಳ ಯಾರು ತೆಗೆದದ್ದು?" ಅಂತ ಹಲ್ಲಣ್ಣ ಕೇಳಿದ.

ರಿಸೆಪ್ಷನ್ ಅಕ್ಕ ಅಪಾಯಿಂಟ್‌ಮೆಂಟ್ ಪುಸ್ತಕದೊಳಗೆ ಮುಖ ಹುದುಗಿಸಿದರು. ಆಮೇಲೆ ಒಪ್ಪಿಕೊಂಡರು. ಹೋಗುವ ಮುಂಚೆ ತಂಗಿಗೆ ವೀಡಿಯೋ ಕಾಲ್‌ನಲ್ಲಿ ಗುಂಡನನ್ನು ತೋರಿಸಿದ್ದರಂತೆ. "ಅವಳಿಗೆ ಬೋರಾಗಿತ್ತು ಕಣಪ್ಪಾ. ನಾನು ಮುಚ್ಚಿದೆ ಅಂದ್ಕೊಂಡೆ."

ಅಷ್ಟರಲ್ಲಿ ಕೆಳಗಿನ ಅಂಗಡಿಯ ಜೆರಾಕ್ಸ್ ಮಾಮ ಮೆಟ್ಟಿಲು ಹತ್ತಿ ಬಂದರು. ಅವರಿಗೆ ಹನ್ನೊಂದು ಗಂಟೆಗೆ ಹಲ್ಲು ತುಂಬಿಸುವುದಿತ್ತು. ಆದರೆ ಯಾರದ್ದಾದರೂ ಮನೆಯಲ್ಲಿ ಏನಾದರೂ ಕಳೆದಿದೆ ಅಂದರೆ ಅವರು ಎರಡು ಗಂಟೆ ಮುಂಚೆಯೇ ಹಾಜರು. ಬಂದವರೇ ಸುತ್ತಲೂ ಉಪ್ಪು ಚೆಲ್ಲೋಣ, ಉಪ್ಪು ದಾಟಲ್ಲ ಅದು, ಇದ್ದಲ್ಲೇ ಸಿಕ್ಕಿಬೀಳುತ್ತೆ ಅಂದರು. ಹಲ್ಲಣ್ಣ ಅವರ ಕೈ ಗಟ್ಟಿಯಾಗಿ ಹಿಡಿದುಕೊಂಡ. ಉಪ್ಪು ತಾಗಿದರೆ ಗುಂಡ ಸಿಕ್ಕಿಬೀಳುವುದಲ್ಲ, ಸತ್ತೇಬೀಳುತ್ತಾನೆ.

"ಮತ್ತೆಲ್ಲಿ ಹುಡುಕ್ತೀಯ ಹೇಳು."

"ಮಾಮ, ಅದು ನೀರಿನ ಪ್ರಾಣಿ. ನೀರಿರೋ ಕಡೆನೇ ಹೋಗುತ್ತೆ. ಕೆಳಗೆ ನೋಡ್ಬೇಕು. ಐದು ತಿಂಗಳಿಂದ ಸಾಕ್ತಿದ್ದೀನಿ, ನಂಗೆ ಗೊತ್ತಿಲ್ವಾ?"

ತಿಳಿದವನು ಹೇಳಿದ ಮೇಲೆ ಯಾರು ಎದುರಾಡುತ್ತಾರೆ? ಮೂರೂ ಜನ ನೆಲಕ್ಕೆ ಬಿದ್ದರು. ಹಲ್ಲಣ್ಣ ಬಚ್ಚಲಿನ ಜಾಲರಿ ಬಿಚ್ಚಿ ಮೊಣಕೈವರೆಗೆ ಕೈ ತೂರಿಸಿ, ಬಾಚಣಿಗೆಯ ಮೂರು ಹಲ್ಲು ಮತ್ತು ಅಕ್ಕನ ಕಳೆದುಹೋದ ಕಿವಿಯೋಲೆ ತೆಗೆದ. ಅಕ್ಕ ಸೋಫಾ ಎತ್ತಿ ಸೊಂಟ ಹಿಡಿದುಕೊಂಡರು. ಮಾಮ ಚಪ್ಪಲಿ ಸ್ಟ್ಯಾಂಡಿನ ಒಂದೊಂದು ಚಪ್ಪಲಿಯೊಳಗೂ ಕಣ್ಣಿಟ್ಟು ನೋಡುತ್ತಿದ್ದಾಗ, ಒಬ್ಬ ಪೇಷೆಂಟ್ ತನ್ನ ಹೊಸ ಚಪ್ಪಲಿ ಕೈಯಲ್ಲಿ ಹಿಡಿದುಕೊಂಡೇ ಕೂತ.

ಹನ್ನೊಂದಕ್ಕೆ ಡಾಕ್ಟರಮ್ಮ ಮಾಮನನ್ನು ಕುರ್ಚಿಯಲ್ಲಿ ಮಲಗಿಸಿ ಇಂಜೆಕ್ಷನ್ ಕೊಟ್ಟರು. ನಾಲಿಗೆ, ತುಟಿ, ಕೆನ್ನೆ ಎಲ್ಲಾ ಜೋಮು ಹಿಡಿದು ಹಳೇ ದಿಂಬಿನ ಹಾಗಾಯಿತು. ಹಾಗೆ ಬಾಯಿ ತೆಗೆದು ಮಲಗಿದ್ದವರು ತಟ್ಟನೆ ಕಣ್ಣರಳಿಸಿದರು. ಕುರ್ಚಿಯಿಂದ ನೇರಕ್ಕೆ ಹಿಂಬದಿ ಕೋಣೆಯ ಬಾಗಿಲು, ಬಾಗಿಲೊಳಗೆ ಹಲ್ಲಣ್ಣನ ಎತ್ತರದ ಬೀರು. ಮಾಮ ಕೈಯೆತ್ತಿ ಮೇಲೆ, ಇನ್ನೂ ಮೇಲೆ ಅಂತ ತೋರಿಸಿದರು. ಗಂಟಲಿನಿಂದ ಒಡಕು ಪೀಪಿಯಂಥ ಸದ್ದು ಹೊರಡಿಸಿದರು.

"ಮೇಲಿನ ಹಲ್ಲೂ ನೋಯ್ತಿದ್ಯಾ? ಮೊದಲೇ ಹೇಳ್ಬಾರ್ದಾ?" ಅಂತ ಡಾಕ್ಟರಮ್ಮ ಮೇಲಿನ ದವಡೆಗೂ ಒಂದು ಇಂಜೆಕ್ಷನ್ ಕೊಟ್ಟರು. ಆಮೇಲೆ ಮಾಮನಿಗೆ ತೋರಿಸುವ ಆಸೆಯೂ ಹೋಯಿತು. ಕೆನ್ನೆ ಹಿಡಿದುಕೊಂಡು ಅಂಗಡಿಗೆ ಇಳಿದುಹೋದರು.

ಮಧ್ಯಾಹ್ನ ಹಲ್ಲಣ್ಣ ಊಟದ ಡಬ್ಬಿ ತೆರೆಯಲೇ ಇಲ್ಲ. ಮೆಟ್ಟಿಲ ಮೇಲೆ ಮೂರು ಕಡೆ ಬೇಯಿಸಿದ ಸೌತೆಕಾಯಿ ಬಿಲ್ಲೆ ಇಟ್ಟು ಕಾದ. ಅದರ ಮೇಲೆ ಪೋಸ್ಟ್‌ಮ್ಯಾನ್ ಕಾಲಿಟ್ಟು ಅರ್ಧ ಮೆಟ್ಟಿಲು ಜಾರಿ, ಉಳಿದರ್ಧ ಬೈಯುತ್ತಾ ಇಳಿದ. ಮೂರು ಗಂಟೆಯ ಹೊತ್ತಿಗೆ ಹಿಂಬದಿ ಕೋಣೆಯಲ್ಲಿ ಟಪ್ ಅಂತ ಒಂದು ಸದ್ದಾಯಿತು. ನಲ್ಲಿ ತೊಟ್ಟಿಕ್ಕುತ್ತಿದೆ ಅಂದುಕೊಂಡ ಹಲ್ಲಣ್ಣ ಎದ್ದು ಕೂಡ ನೋಡಲಿಲ್ಲ. ಅಷ್ಟು ಕುಗ್ಗಿಹೋಗಿದ್ದ.

ನಾಲ್ಕಕ್ಕೆ ಇನ್ನೂ ಹತ್ತು ನಿಮಿಷ ಇರುವಾಗಲೇ ಓನರಮ್ಮ ಬಂದರು. ಬಾಯಲ್ಲಿ ಒಂದು ಹಲ್ಲೂ ಇಲ್ಲದಿದ್ದರೂ ಅವರು ಕಣ್ಣಲ್ಲೇ ಕಚ್ಚುವಂಥವರು.

"ಮೊದಲು ಹಲ್ಲು. ಆಮೇಲೆ ಹುಳ," ಅಂದರು.

ಹಲ್ಲಣ್ಣ ಬೀರುವಿಗೆ ತಾಗಿಸಿಟ್ಟ ಮೇಜಿನಿಂದ ಬಟ್ಟಲು ತಂದ. ಮಾಡಿದ ಸೆಟ್ಟು ಒಣಗಿದರೆ ಸೊಟ್ಟಗಾಗುತ್ತದೆ ಅಂತ ಅವನು ಅದನ್ನು ಯಾವತ್ತೂ ನೀರಿನಲ್ಲೇ ಇಡುವುದು. ಬಟ್ಟಲನ್ನು ಎಲ್ಲರ ಮುಂದೆ ಇಟ್ಟು ಬಗ್ಗಿ ನೋಡಿದರೆ, ನೀರಿನಲ್ಲಿ ಓನರಮ್ಮನ ಹೊಸ ಹಲ್ಲು. ಹಲ್ಲಿನ ಮೇಲೆ ಗುಂಡ. ಮೀಸೆಯಂಥ ಎರಡು ಕೊಂಬು ಚಾಚಿ, ಮುಂದಿನ ಹಲ್ಲನ್ನು ನಿಧಾನಕ್ಕೆ ಸವರುತ್ತಿದ್ದ.

ಡಾಕ್ಟರಮ್ಮ ಗೋಡೆ ಹಿಡಿದುಕೊಂಡರು. ಅಕ್ಕ ದೇವರ ಮೇಲೆ ಭಾರ ಹಾಕಿ ಕಣ್ಣು ಮುಚ್ಚಿದರು.

"ಇದು ನನ್ನ ಹಲ್ಲು ತಿಂತಾ ಇದ್ಯಾ?" ಓನರಮ್ಮನ ದನಿ ತಣ್ಣಗಿತ್ತು.

ಸಿಕ್ಕಿದನಲ್ಲ ಅನ್ನುವ ಖುಷಿಯಲ್ಲಿ ಹಲ್ಲಣ್ಣನಿಗೆ ಹೆದರಿಕೆ ಅನ್ನುವುದೇ ಮರೆತುಹೋಗಿತ್ತು. "ಇಲ್ಲಮ್ಮ, ತೊಳೀತಿದಾನೆ. ಪಾಚಿ, ಬೇಯಿಸಿದ ಸೌತೆಕಾಯಿ, ಪಾಲಕ್ಕು, ಇಷ್ಟೇ ಅವನ ಊಟ. ಒಂದು ಜೀವಕ್ಕೂ ಬಾಯಿ ಹಾಕಲ್ಲ. ಅವನ ನಾಲಿಗೆ ಮೇಲೆ ಸಾವಿರಗಟ್ಟಲೆ ಹಲ್ಲಿದೆ, ಅದರಲ್ಲಿ ಉಜ್ಜಿದ್ರೆ ಬ್ರಷ್ಷು ಹೋಗದ ಸಂದೂ ಕ್ಲೀನು."

"ಸಾವಿರಗಟ್ಟಲೆನಾ?"

"ಹೂಂ. ಸವೆದದ್ದು ಉದುರುತ್ತೆ, ಹಿಂದಿಂದ ಹೊಸದು ಬರುತ್ತೆ. ಸಾಯೋ ತನಕ."

ಓನರಮ್ಮ ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡು ಬಗ್ಗಿದರು. ಐವತ್ತನೇ ವಯಸ್ಸಿನಿಂದ ಒಂದೊಂದೇ ಹಲ್ಲು ಕಳೆದುಕೊಂಡು ಬಂದ ಆ ಹೆಂಗಸಿನ ಮುಖದಲ್ಲಿ ಅಸೂಯೆಯೋ ಗೌರವವೋ ಏನೋ ಒಂದು ಹಾದುಹೋಯಿತು. "ಪುಣ್ಯವಂತ," ಅಂದರು ಕೊನೆಗೆ.

ಡಾಕ್ಟರಮ್ಮ ಸೆಟ್ಟನ್ನು ಒಂದಲ್ಲ ಮೂರು ಸಲ ಔಷಧಿಯಲ್ಲಿ ತೊಳೆದು ಕೂರಿಸಿದರು. ಎಷ್ಟು ಚೆನ್ನಾಗಿ ಕೂತಿತು ಅಂದರೆ, ಓನರಮ್ಮ ಕನ್ನಡಿಯಲ್ಲಿ ಒಮ್ಮೆ ನೋಡಿಕೊಂಡರು, ಒಮ್ಮೆ ನಕ್ಕರು, ಆಮೇಲೆ ಆ ನಗುವನ್ನು ಒಳಗೆ ಹಾಕಲೇ ಇಲ್ಲ. "ಒಸಡಿನ ಬಣ್ಣ ನೋಡಿ, ಹುಟ್ಟಿದಾಗಿಂದ ನಂದೇ ಅನ್ನೋ ಹಾಗಿದೆ. ಇದನ್ನ ಮಾಡಿದ್ದು ಯಾರು?"

ಇಪ್ಪತ್ತು ವರ್ಷದಲ್ಲಿ ಆ ಪ್ರಶ್ನೆ ಕೇಳಿದವರು ಇವರೇ ಮೊದಲು. ಡಾಕ್ಟರಮ್ಮ ಬೆರಳು ತೋರಿಸಿದರು. ಹಲ್ಲಣ್ಣನ ಎದೆ ಊದಿಕೊಂಡು ಅಂಗಿಯ ಗುಂಡಿ ಇನ್ನೇನು ಕಿತ್ತುಹೋಗಬೇಕು.

ಓನರಮ್ಮ ಅಲ್ಲೇ ಕಾಗದ ತರಿಸಿ ಬರೆದು ಸಹಿ ಹಾಕಿದರು. ಕಟ್ಟಡದಲ್ಲಿ ಒಂದೇ ಒಂದು ಬಸವನಹುಳು ಇರಬಹುದು. ಎರಡನೆಯದು ಎಲ್ಲೇ ಕಂಡರೂ ಮೊದಲನೆಯದೂ ಅದರ ಜೊತೆ ಹೊರಗೆ.

"ಒಬ್ಬನೇ ಅಮ್ಮ," ಅಂದ ಹಲ್ಲಣ್ಣ. "ಗಂಡು. ಐದು ತಿಂಗಳಿಂದ ಇನ್ನೊಂದು ಹುಳದ ಮುಖ ನೋಡಿಲ್ಲ. ಸಂಸಾರ ಆಗೋ ಮಾತೇ ಇಲ್ಲ."

ಹೊರಡುವಾಗ ಓನರಮ್ಮ ಬಾಗಿಲಲ್ಲಿ ನಿಂತು, ತನ್ನ ತಂಗಿಗೂ ಇದೇ ಬಣ್ಣದ ಸೆಟ್ಟು ಮಾಡಿಸಬೇಕು, ತೋರಿಸೋಕೆ ಒಸಡಿಗೆ ಹಾಕಿದ ಆ ಗುಲಾಬಿ ವಸ್ತುವಿನ ಒಂದು ಚೂರು ಸಿಗುತ್ತಾ ಅಂತ ಕೇಳಿದರು. ಸಿಗದೇ ಏನು? ಹಲ್ಲಣ್ಣ ಒಳಗೆ ಓಡಿದ. ಆ ವಸ್ತುವಿನ ಡಬ್ಬಿ ಖಾಲಿಯಾಗಿತ್ತು. ತಲೆಯೆತ್ತಿದರೆ ಬೀರುವಿನ ಮೇಲಂಚಿನಲ್ಲಿ ಹೆಬ್ಬೆರಳಿನಷ್ಟು ದಪ್ಪದ ಗುಲಾಬಿ ಮುದ್ದೆ ಅಂಟಿಕೊಂಡಿತ್ತು. ನಿನ್ನೆ ಒಸಡಿಗೆ ಕಲಸಿದ್ದರಲ್ಲಿ ಉಳಿದದ್ದನ್ನು ತಾನೇ ಮೆತ್ತಿರಬೇಕು. ಮೇಣ ಕೆತ್ತುವ ಚಾಕುವಿನಲ್ಲಿ ಹುಷಾರಾಗಿ ಬಿಡಿಸಿದ. ಮೇಲ್ಮೈಯಲ್ಲಿ ನಿಜವಾದ ಒಸಡಿಗೆ ಇರುವಂಥದ್ದೇ ಸಣ್ಣ ಸಣ್ಣ ಚುಕ್ಕಿ. ಆ ಚುಕ್ಕಿ ಮೂಡಿಸೋಕೆ ಬೇರೆಯವರು ಬ್ರಷ್ ಹಿಡಿದು ಒದ್ದಾಡುತ್ತಾರೆ. ತನ್ನ ಕೈಯಲ್ಲಿ ಉಳಿದ ಮುದ್ದೆಗೂ ಅದು ತಾನಾಗಿ ಬಂದಿದೆಯಲ್ಲ ಅಂತ ಹೆಮ್ಮೆಪಟ್ಟುಕೊಂಡ. ಒದ್ದೆ ಹತ್ತಿಯಲ್ಲಿ ಸುತ್ತಿ, ಪುಟ್ಟ ಡಬ್ಬಿಯಲ್ಲಿಟ್ಟು ಕೊಟ್ಟ.

"ಒಣಗೋಕೆ ಬಿಡ್ಬೇಡಿ ಅಮ್ಮ, ಬಿರುಕು ಬಿಡುತ್ತೆ. ಹಸಿ ಮುದ್ದೆ, ಸೆಟ್ಟಿನ ಹಾಗೆ ನೀರಲ್ಲಿ ಮುಳುಗಿಸೋದೂ ಬೇಡ. ಹತ್ತಿ ಒದ್ದೆ ಇದ್ರೆ ಸಾಕು."

ಓನರಮ್ಮ ಡಬ್ಬಿಯನ್ನು ಒಡವೆಯ ಹಾಗೆ ಹಿಡಿದುಕೊಂಡು ಮೇಲೆ ಹತ್ತಿದರು. ಹಲ್ಲಣ್ಣ ಗುಂಡನನ್ನು ತೊಟ್ಟಿಗೆ ಬಿಟ್ಟು, ಸಹಿಯ ಕಾಗದವನ್ನು ತೊಟ್ಟಿಯ ಗಾಜಿಗೆ ಅಂಟಿಸಿ, ನಾಲ್ಕು ಹೆಜ್ಜೆ ಹಿಂದೆ ಸರಿದು ನೋಡಿದ. ಆಮೇಲೆ ಐದು ಹೆಜ್ಜೆ ಸರಿದು ನೋಡಿದ.

ಐದೂವರೆಗೆ ಜೆರಾಕ್ಸ್ ಮಾಮ ಏದುಸಿರು ಬಿಡುತ್ತಾ ಬಂದರು. ಜೋಮು ಅಷ್ಟೊತ್ತಿಗೆ ಇಳಿದಿತ್ತು. ಬೆಳಗ್ಗೆಯಿಂದ ಹೊಟ್ಟೆಯಲ್ಲಿ ಕಟ್ಟಿಕೊಂಡಿದ್ದ ಮಾತು ಒಂದೇ ಏಟಿಗೆ ಹೊರಬಂತು. "ಅಯ್ಯೋ ಮಾರಾಯ, ಕೆಳಗೆ ಕೆಳಗೆ ಅಂತ ಎಲ್ಲರನ್ನೂ ನೆಲ ಉಜ್ಜಿಸಿದ್ಯಲ್ಲ, ಅದು ಬೀರು ತುದೀಲಿತ್ತು. ಸುಮ್ನೆ ಕೂತಿರ್ಲಿಲ್ಲ, ಗುಲಾಬಿ ಮಣಿ ಒಂದೊಂದಾಗಿ ಜೋಡಿಸ್ತಾ ಇತ್ತು. ಕಣ್ಣಾರೆ ನೋಡಿದೀನಿ."

ಹಲ್ಲಣ್ಣ ಬೀರುವಿನ ಖಾಲಿ ಅಂಚನ್ನೇ ನೋಡಿದ. ಅಕ್ಕ ಅಷ್ಟರಲ್ಲಿ ಫೋನಿನಲ್ಲಿ ಹುಡುಕಿ ಜೋರಾಗಿ ಓದತೊಡಗಿದರು. ಹೆಣ್ಣು ಹುಳ ಒಮ್ಮೆ ಗಂಡಿನ ಜೊತೆ ಇದ್ದರೆ ಸಾಕು, ತಿಂಗಳುಗಟ್ಟಲೆ ಆದ ಮೇಲೂ ಒಂಟಿಯಾಗಿದ್ದುಕೊಂಡೇ ಮೊಟ್ಟೆಯಿಡಬಹುದು. ನೀರಿನಿಂದ ಮೇಲೆ ಹತ್ತಿ ಇಡುತ್ತದೆ. ಒಂದು ಗೊಂಚಲಿನಲ್ಲಿ ಇನ್ನೂರರವರೆಗೆ ಇರಬಹುದು. ನೀರಿನಲ್ಲಿ ಮುಳುಗಿದರೆ ಸಾಯುತ್ತವೆ, ಒಣಗಿದರೂ ಸಾಯುತ್ತವೆ. ಒದ್ದೆ ಹತ್ತಿಯಲ್ಲಿ ಬೆಚ್ಚಗಿಟ್ಟರೆ ಮೂರು ವಾರಕ್ಕೆ ಮರಿ.

"ಒದ್ದೆ ಹತ್ತಿ," ಅಂತ ಅಕ್ಕ ಇನ್ನೊಂದು ಸಲ ಓದಿ ಹಲ್ಲಣ್ಣನ ಮುಖ ನೋಡಿದರು.

"ಇನ್ನೂರಾ?" ಅಂದ ಹಲ್ಲಣ್ಣ. ಬಾಯಿ ತಡೆಯಲಿಲ್ಲ. "ಐದೇ ತಿಂಗಳ ಆರೈಕೆಗೆ ಇನ್ನೂರು. ನೋಡಿದ್ರಾ?"

ಆಗ ಫೋನ್ ಹೊಡೆದುಕೊಂಡಿತು. ಓನರಮ್ಮ. ಹೊಸ ಹಲ್ಲಿನ ನಗು ಫೋನಿನಲ್ಲೂ ಕೇಳಿಸುತ್ತಿತ್ತು. "ಹಲ್ಲಣ್ಣನವರೇ, ನನ್ನ ತಂಗಿ ಬಂದಿದ್ಲು. ಬಣ್ಣ ನೋಡಿ ಹುಚ್ಚಾಗ್ಹೋದ್ಲು. ಅರ್ಧ ಮುರ್ಕೊಂಡು ಹೋದ್ಲು, ಇನ್ನರ್ಧ ನನ್ನ ಹತ್ರ ಇದೆ."

"ಅಮ್ಮ, ಆ ಸ್ಯಾಂಪಲ್ಲು ಒಂದ್ಸಲ ವಾಪಸ್..."

"ಕೊಟ್ಟ ಮೇಲೆ ಕೇಳಬಾರದು. ಅವಳು ಅಳತೆ ಕೊಡೋಕೆ ಬರೋದು ಮೂರು ವಾರ ಬಿಟ್ಟು. ಅಲ್ಲೀ ತನಕ ನೀವು ಹೇಳಿದ ಹಾಗೇ ಒದ್ದೆ ಹತ್ತೀಲಿ ಕಾಪಾಡ್ತೀನಿ. ಬಾತ್‌ರೂಮಲ್ಲಿ ಗೀಸರ್ ಪಕ್ಕ ಇಟ್ಟಿದೀನಿ, ಅಲ್ಲಿ ಬೆಚ್ಚಗಿರುತ್ತೆ. ಎಲ್ಲಿ ಹೋದ್ರೂ ಹೇಳ್ತೀನಿ, ಇದು ಹಲ್ಲಣ್ಣನ ಕೈಕೆಲಸ ಅಂತ."

ಓನರಮ್ಮ ಫೋನ್ ಇಟ್ಟರು. ತೊಟ್ಟಿಯಲ್ಲಿ, ಸಹಿ ಹಾಕಿದ ಕಾಗದದ ಹಿಂದೆ, ಗುಂಡ ಬೆಳಗ್ಗೆ ಬಿಟ್ಟಿದ್ದ ಸೌತೆಕಾಯಿಯ ಮೇಲೆ ಬಾಣಂತಿಯ ಹಸಿವಿನಲ್ಲಿ ಕೂತಿತ್ತು. ಹಲ್ಲಣ್ಣ ಗೋಡೆಯ ಕ್ಯಾಲೆಂಡರಿನ ಮುಂದೆ ನಿಂತು ಬೆರಳಿಟ್ಟು ಮೂರು ವಾರ ಎಣಿಸಿದ. ಇಪ್ಪತ್ತು ವರ್ಷ ಕಾದ ಮೇಲೆ ಅವನ ಹೆಸರು ಮನೆಮನೆಗೆ ಹೊರಟಿತ್ತು. ಅಲ್ಲಿಗೆ ತಲುಪೋಕೆ ಇನ್ನು ಇಪ್ಪತ್ತೊಂದೇ ದಿನ.