ಕೇಕಿನ ಮೇಲೆ ಬರೆದ ಹೆಸರು

ಬೇಕರಿಯ ಲೋವಾ ಕೇಳಿದ್ದು ಒಂದೇ ಒಂದು ಮಾತು. ಅಷ್ಟಕ್ಕೇ ಬೆರ್ಸಿಯ ಶನಿವಾರವೆಲ್ಲ ಹಾಳಾಯಿತು.

"ಕೇಕ್ ರೆಡಿ. ಮಗು ಹೆಸರೊಂದು ಬರೆದ್ರೆ ಮುಗೀತು. ಹೇಳು."

ಹೇಳುವಂತಿರಲಿಲ್ಲ. ಐಸ್‌ಲ್ಯಾಂಡಿನ ಆ ಮೀನುಗಾರರ ಊರಿನಲ್ಲಿ ಪಾದ್ರಿಯ ಮುಂದೆ ನಿಲ್ಲುವವರೆಗೂ ಮಗುವಿನ ಹೆಸರು ಗುಟ್ಟು. ಮೂರು ತಿಂಗಳಿಂದ ಬೆರ್ಸಿಯ ಮಗಳು ಎಲ್ಲರಿಗೂ ಬರೀ 'ಪುಟ್ಟಿ'. ಚಳಿಗಾಲವಿಡೀ ಬೆಟ್ಟದ ಹಿಂದೆ ಅಡಗಿದ್ದ ಸೂರ್ಯ ಮತ್ತೆ ಮುಖ ತೋರಿಸಿದ ದಿನ ಹುಟ್ಟಿದವಳು. ಅದಕ್ಕೇ ಹೆಂಡತಿ ಆಲ್ದಿಸ್, ಸೂರ್ಯನ ಬಲ ಎಂಬ ಅರ್ಥದ 'ಸೋಲ್ವೇಗ್' ಎಂಬ ಹೆಸರನ್ನು ಆರಿಸಿಟ್ಟಿದ್ದಳು. ಮಧ್ಯಾಹ್ನ ನಾಮಕರಣ. ಬೆಳಿಗ್ಗೆ ಗಂಡನನ್ನು ಕೇಕಿಗೆ ಕಳಿಸುವಾಗ ಎಚ್ಚರಿಸಿದ್ದಳು: "ನಿನ್ನ ಬಾಯಲ್ಲಿ ಮಾತು ನಿಲ್ಲಲ್ಲ. ಇದೊಂದು ಸಲ ಬಾಯಿ ಮುಚ್ಕೊಂಡು ಹೋಗಿ ಬಾ."

"ಹೆಸರು ಬೇಡ ಬಿಡು ಲೋವಾ, ಒಂದು ಹೂವು ಬರಿ ಸಾಕು," ಎಂದ ಬೆರ್ಸಿ.

"ಹೆಸರಿಲ್ಲದ ನಾಮಕರಣದ ಕೇಕ್ ನನ್ನ ಅಂಗಡಿಯಿಂದ ಇವತ್ತಿನವರೆಗೂ ಹೊರಗೆ ಹೋಗಿಲ್ಲ. ನಾನೇನು ಯಾರಿಗಾದ್ರೂ ಹೇಳ್ತೀನಾ?"

ಸಾಲಿನಲ್ಲಿದ್ದ ಆರು ಜನ, ತಾವೂ ಯಾರಿಗೂ ಹೇಳುವವರಲ್ಲ ಎಂಬಂತೆ ಕಿವಿಯನ್ನು ಮುಂದೆ ಚಾಚಿದರು. ಬೆರ್ಸಿ ಪಾಠ ಮರೆತ ಹುಡುಗನ ಹಾಗೆ ಗೋಡೆ ನೋಡಿದ. ಅಲ್ಲಿ ಹಳೇ ದೋಣಿಯೊಂದರ ಫೋಟೋ ತೂಗುತ್ತಿತ್ತು. ದೋಣಿಯ ಮೂತಿಯ ಮೇಲೆ ಒಂದು ಹೆಸರು.

"ಹಾಲ್ಬೇರಾ," ಎಂದುಬಿಟ್ಟ.

ಲೋವಾಳ ಕಣ್ಣು ಕಾಫಿ ತಟ್ಟೆಯಷ್ಟಾಯಿತು. ಕೆನೆಯಲ್ಲಿ ಸೊಂಪಾಗಿ ಹೆಸರು ಬರೆದು ಡಬ್ಬ ಕಟ್ಟಿಕೊಟ್ಟಳು. ಊರಿಗೆ ಸುಳ್ಳು ಹೆಸರು, ಪಾದ್ರಿಗೆ ನಿಜವಾದ ಹೆಸರು! ತನ್ನ ವಂಶದಲ್ಲೇ ತಾನು ಮೊದಲ ಬುದ್ಧಿವಂತ ಎಂದುಕೊಂಡು ಬೆರ್ಸಿ ಸಿಳ್ಳೆ ಹಾಕುತ್ತ ಹೊರಟ.

ಪೆಟ್ರೋಲ್ ಹಾಕಿಸಲು ನಿಂತರೆ ನಿವೃತ್ತ ಇಲ್ಲುಗಿ ಮೇಷ್ಟ್ರು ಕಾರಿನ ಕಿಟಕಿಗೆ ತಲೆ ತೂರಿಸಿದರು. "ಹಾಲ್ ಅಂದ್ರೆ ಬಂಡೆ, ಬೇರಾ ಅಂದ್ರೆ ಹೆಣ್ಣು ಕರಡಿ. ನಿನ್ನ ಹೆಸರಿಗೂ ಕರಡಿಮರಿ ಅಂತಲೇ ಅರ್ಥ. ಪಾಪ, ಆಲ್ದಿಸ್ ಇರೋದು ಮನೇಲೋ ಬೋನಲ್ಲೋ?"

ಬೇಕರಿಯಿಂದ ಹೊರಟು ಇನ್ನೂ ಐದು ನಿಮಿಷ ಆಗಿರಲಿಲ್ಲ.

ಮನೆಯ ಬಾಗಿಲಲ್ಲಿ ಅತ್ತೆ ಬೊರ್ಘಿಲ್ದುರ್ ನಿಂತಿದ್ದರು. ಮದುವೆಯಾದ ಏಳು ವರ್ಷದಿಂದಲೂ ಅವರು ಅಳಿಯನನ್ನು ವಾಸನೆ ಬಂದ ಮೀನನ್ನು ನೋಡುವ ಹಾಗೇ ನೋಡಿದವರು. ಇವತ್ತು ಅವನನ್ನು ತಬ್ಬಿಕೊಂಡು ಬಿಕ್ಕಿದರು. ಹಿಂದೆ ಅವರ ಸೋದರಮಾವ, ಎಂಬತ್ತೆಂಟರ ಕೆಟಿಲ್ ಅಜ್ಜ, ಟೈ ಕಟ್ಟಿಕೊಂಡು ಕಣ್ಣೊರೆಸುತ್ತಿದ್ದ.

"ಹಾಲ್ಬೇರಾ ನಮ್ಮಮ್ಮನ ಹೆಸರು ಕಣೋ," ಎಂದ ಕೆಟಿಲ್. "ಅಪ್ಪ ದೋಣಿಗೂ ಅದನ್ನೇ ಇಟ್ಟಿದ್ದ. ನಮ್ಮ ವಂಶದಲ್ಲಿ ಇಷ್ಟೊಂದು ಮಕ್ಕಳು ಹುಟ್ಟಿದ್ವು, ಒಬ್ಬರಿಗಾದ್ರೂ ಅವಳ ನೆನಪಾಯ್ತಾ? ಹೊರಗಿಂದ ಬಂದ ನಿನಗೆ ನೆನಪಾಯ್ತು!"

ಕರ್ಚೀಫು ಬಿಚ್ಚಿದ. ಒಳಗೆ ಬೆಳ್ಳಿಯ ಎದೆಪಿನ್ನು. "ಅಮ್ಮಂದು. ಪುಟ್ಟಿಗೆ ಹೆಸರಿಟ್ಟ ಕೂಡಲೇ ನಾನೇ ಚುಚ್ಚಬೇಕು."

"ಅಜ್ಜ, ಅದೇನಂದ್ರೆ..."

"ಶ್!" ಅತ್ತೆ ತುಟಿಯ ಮೇಲೆ ಬೆರಳಿಟ್ಟರು. "ನಮಗೆ ಗೊತ್ತಾಗಿದೆ ಅಂತ ಆಲ್ದಿಸ್‌ಗೆ ತಿಳೀಬಾರದು. ಅವಳ ಸಂತೋಷ ಯಾಕೆ ಕೆಡಿಸೋದು? ನಿನ್ನ ವಿಷಯದಲ್ಲಿ ನಾನು ತಪ್ಪು ತಿಳಿದಿದ್ದೆ ಬೆರ್ಸಿ."

ಏಳು ವರ್ಷದಲ್ಲಿ ಮೊದಲ ಸಲ ಸಿಕ್ಕಿದ ಮಾತು. ಬೆರ್ಸಿ ಅದನ್ನು ಅಳುಕುತ್ತಲೇ ಅನುಭವಿಸಿದ.

ಹೆಂಡತಿಗೆ ಹೇಳಿಬಿಡೋಣವೆಂದರೆ ಅಡುಗೆಮನೆಯಲ್ಲಿ ಅತ್ತೆ, ಕಾರಿನಲ್ಲಿ ಅತ್ತೆ. ಚರ್ಚಿನ ಬಾಗಿಲಲ್ಲಿ ಆಲ್ದಿಸ್ ಒಬ್ಬಳೇ ಸಿಕ್ಕಳು.

"ಯಾರಿಗೂ ಹೇಳಿಲ್ಲ ತಾನೇ?"

"ನಿಜವಾದ ಹೆಸರು ಯಾರಿಗೂ ಹೇಳಿಲ್ಲ."

"ನಿಜವಾದ ಹೆಸರಾ? ಹಾಗಂದ್ರೆ?"

ಆಗಲೇ ಪ್ರಾರ್ಥನೆಯ ವಾದ್ಯ ಮೊಳಗಿತು. ಜನ ಇಬ್ಬರನ್ನೂ ಒಳಕ್ಕೆ ತಳ್ಳಿಕೊಂಡು ಹೋದರು.

ಬೆರ್ಸಿಯ ಕೈಯಲ್ಲಿ ಮಗು. ಎದುರಿಗೆ ಪಾದ್ರಿಯಮ್ಮ. "ಮಗುವಿನ ಹೆಸರೇನು?"

ಎಡಗಡೆ ಹೆಂಡತಿ, ಕಣ್ಣಲ್ಲೇ 'ಸೋಲ್ವೇಗ್' ಎನ್ನುತ್ತಿದ್ದಳು. ಬಲಗಡೆ ಕೆಟಿಲ್ ಅಜ್ಜ, ಪಿನ್ನಿನ ಕೊಂಡಿ ಬಿಚ್ಚಿಕೊಂಡು ತಯಾರಾಗಿದ್ದ. ಒಂದು ಹೆಸರು ಹೇಳಿದರೆ ಹೆಂಡತಿ ಹೋದಳು, ಇನ್ನೊಂದು ಹೇಳಿದರೆ ಅತ್ತೆ ಹೋದರು. ಬೆರ್ಸಿಯ ತಲೆಯಲ್ಲಿ ಆ ಕ್ಷಣ ದೀಪ ಹೊತ್ತಿತು. ಎರಡು ಹೆಸರಿರುವವರು ಊರ ತುಂಬ ಇಲ್ಲವೇ?

"ಸೋಲ್ವೇಗ್ ಹಾಲ್ಬೇರಾ!" ಎಂದು ಗಟ್ಟಿಯಾಗಿ ಹೇಳಿದ.

ಪಾದ್ರಿಯಮ್ಮ ಅದೇ ಹೆಸರು ಹೇಳಿ ಮಗುವಿನ ತಲೆಗೆ ನೀರು ಹಾಕಿದರು. ಬೆರ್ಸಿ ಗೆದ್ದವನಂತೆ ತಿರುಗಿದ. ಒಬ್ಬರ ಮುಖದಲ್ಲೂ ನಗೆಯಿಲ್ಲ. ಆಲ್ದಿಸ್ ಬಾಯಿ ತೆರೆದು ನಿಂತಿದ್ದಳು. ಕೆಟಿಲ್ ಅಜ್ಜ ಪಿನ್ನನ್ನು ಮತ್ತೆ ಕರ್ಚೀಫಿನಲ್ಲಿ ಸುತ್ತಿ ಜೇಬಿಗಿಳಿಸಿದ.

ಪಕ್ಕದ ಸಭಾಂಗಣಕ್ಕೆ ಬಂದ ಮೇಲೆ ಅಜ್ಜ ಸಿಡಿದ. "ನನಗೆ ಆರು ವರ್ಷ ಇದ್ದಾಗ ಅಪ್ಪ ನಮ್ಮಮ್ಮನ್ನ ಬಿಟ್ಟು ಓಡಿಹೋಗಿದ್ದು ಯಾರ ಜೊತೆ ಗೊತ್ತಾ? ಪಕ್ಕದೂರಿನ ಸೋಲ್ವೇಗ್ ಜೊತೆ! ಅವತ್ತಿಂದ ಆ ಹೆಸರನ್ನ ನಮ್ಮನೇಲಿ ಯಾರೂ ಬಾಯಲ್ಲಿ ಎತ್ತಿಲ್ಲ. ಇವನು ಇಬ್ಬರನ್ನೂ ಒಂದೇ ತೊಟ್ಟಿಲಲ್ಲಿ ಮಲಗಿಸಿಬಿಟ್ಟ! ಅದೂ ಅವಳು ಮುಂದೆ, ನಮ್ಮಮ್ಮ ಹಿಂದೆ!"

ಇಲ್ಲುಗಿ ಮೇಷ್ಟ್ರು ಸಮಾಧಾನಕ್ಕೆ ನಿಂತರು. "ಹಾಗಲ್ಲ ಕೆಟಿಲ್, ವೇಗ್ ಅಂದ್ರೆ ಬಲ. ಹೆಂಡ ಅನ್ನೋ ಅರ್ಥವೂ ಇದೆ ಅಂತಾರೆ."

"ಆ ಹೆಂಗಸಿಗೆ ಎರಡೂ ಒಪ್ತಿತ್ತು!"

ಅತ್ತೆ ಕಾಫಿ ಲೋಟವನ್ನು ಟೇಬಲ್ಲಿನ ಮೇಲೆ ಕುಕ್ಕಿ ಬಂದರು. "ಸೋಲ್ವೇಗ್ ಅನ್ನೋ ಹೆಸರು ಯಾರಿಗೆ ಹೊಳೆದದ್ದು? ಈಗಲೇ ಗೊತ್ತಾಗಬೇಕು."

ಬೆರ್ಸಿ ಆಸೆಯಿಂದ ಹೆಂಡತಿಯ ಕಡೆ ನೋಡಿದ. ಆಲ್ದಿಸ್ ಮಗಳ ಹಣೆಯ ನೀರನ್ನು ನಿಧಾನವಾಗಿ ಒರೆಸಿದಳು.

"ನನ್ನನ್ನ ಯಾಕಮ್ಮ ನೋಡ್ತೀಯಾ?" ಎಂದಳು. "ಹೆಂಡತಿಯನ್ನ ಒಂದು ಮಾತೂ ಕೇಳದೆ ಹೆಸರಿಡೋನು ಅವನು. ಅವನನ್ನೇ ಕೇಳು."