ಪಾರಿಗೆ ಸಲ್ಲುವ ರಿ

ಮಾಳಮಡ್ಡಿಯ ನಿವೃತ್ತ ಅಧ್ಯಾಪಕರಾದ ಶ್ರೀ ರಾಜಶೇಖರ ಅವರು ಗಬ್ಬೂರ ಬೈಪಾಸಿನ ‘ಅವಳಿನಾಡು’ ವಾಹಿನಿಯ ಫ್ರೆಂಚ್ ಸಾಹಿತ್ಯ ಮತ್ತು ಸಂಸ್ಕೃತಿ ವ್ಯಾಖ್ಯಾನಕಾರರಾಗಿ ವಿಧ್ಯುಕ್ತವಾಗಿ ನೇಮಕಗೊಂಡರು. ಮೂವತ್ತು ವರ್ಷ ಫ್ರೆಂಚ್ ಕಲಿಸಿದರೂ ಒಬ್ಬನೇ ಒಬ್ಬ ಫ್ರೆಂಚ್ ಮನುಷ್ಯನೊಡನೆ ಮಾತಾಡುವ ಯೋಗ ಅವರಿಗೆ ಬಂದಿರಲಿಲ್ಲ. ಕೇಳುವವರಾದರೂ ಸಿಕ್ಕರಲ್ಲ ಎಂದು ಜೀವ ಹಿಗ್ಗಿತ್ತು. ವಾಹಿನಿಯ ನಿಯಮ ಒಂದೇ: ಮೂರು ವಾರದೊಳಗೆ ಒಂದಾದರೂ ಫೋನು ಬಾರದ ಕಾರ್ಯಕ್ರಮದ ವೇಳೆಯನ್ನು ಗಾದಿ ಜಾಹೀರಾತಿಗೆ ಬಿಟ್ಟುಕೊಡತಕ್ಕದ್ದು.

ಮೂರನೆಯ ವಾರ, ಇನ್ನೆರಡು ನಿಮಿಷ ಉಳಿದಿದ್ದಾಗ, ಗರಗದಲ್ಲಿ ಖಾದಿ ನೂಲುವ ಕಸ್ತೂರೆವ್ವನ ಫೋನು ಬಂತು.

“ಸರ, ಎಲ್ಲಾರೂ ಪ್ಯಾರಿಸ್ ಅಂತಾರ, ನೀವು ‘ಪಾರಿ’ ಅಂತೀರಿ. ಊರಿಗೂ ರಿ ಹಚ್ಚಿ ಮಾತಾಡ್ತೀರಲ್ಲ, ಭಾಳ ಛಲೋ ಆತ್ರಿ. ನಮ್ಮ ಗರಗ ಏನ್ ಪಾಪ ಮಾಡೇತ್ರಿ?”

“ಯವ್ವಾ, ಅದು ಮರ್ಯಾದಿ ರಿ ಅಲ್ರಿ. ಫ್ರೆಂಚರು ಕಡೀ ಅಕ್ಷರ ನುಂಗ್ತಾರ, ಅದಕ್ಕ...”

ಗಾಜಿನಾಚೆ ನಿರ್ದೇಶಕಿ ಶಾಂಭವಿ ಕೈ ಮುಗಿದು ನಿಂತಿದ್ದರು. ಅವರ ಹಿಂದೆ ಗಾದಿ ಕಂಪನಿಯವರು ಆಗಲೇ ಬಂದು ಕುಳಿತಿದ್ದರು. ರಾಜಶೇಖರ ಉಳಿದ ವಾಕ್ಯವನ್ನು ತಾವೇ ನುಂಗಿ, “ನೀವು ಅಂದದ್ದ ಖರೇರಿ,” ಎಂದರು.

ಮರುದಿನ ಸುತ್ತೋಲೆ ಹೊರಟಿತು: “ಪಾರಿಗೆ ಸಲ್ಲುತ್ತಿರುವ ಗೌರವವನ್ನು ಸ್ಥಳೀಯ ಊರುಗಳಿಗೂ ಸಲ್ಲಿಸತಕ್ಕದ್ದು. ಹೆಸರೇ ರಿಯಿಂದ ಮುಗಿಯುವ ಊರುಗಳಿಗೆ ಎರಡನೆಯ ರಿ ಮಂಜೂರಾಗುವುದಿಲ್ಲ.” ಅಂದಿನ ಹವಾಮಾನ ವರದಿಯಂತೆ ಗರಗರಿಯಲ್ಲಿ ತುಂತುರು ಮಳೆ, ಧಾರವಾಡರಿಯಲ್ಲಿ ಒಣಹವೆ ಇತ್ತು. ಹಾವೇರಿಯವರ ಮನವಿ ಪರಿಶೀಲನೆಯಲ್ಲಿದೆ.

ಶ್ರಾವಣದಲ್ಲಿ ಗರಗದ ಖಾದಿ ನೋಡಲು ಫ್ರಾನ್ಸಿನ ಗೃಹಸ್ಥನೊಬ್ಬ ಬಂದ. ಸ್ಟುಡಿಯೋದಲ್ಲಿ ಅವನು “ಪಾರಿ” ಎಂದ ಕೂಡಲೇ, ಎಂಥಾ ಸಂಸ್ಕಾರವಂತ ಎಂದು ಎಲ್ಲರೂ ತಲೆದೂಗಿದರು. ಮರುಕ್ಷಣವೇ ಅವನು “ಗರಗ” ಎಂದುಬಿಟ್ಟ. ಬರೀ ಗರಗ. ಫೋನುಗಳು ಒಂದೇ ಸಮನೆ ಹೊಡೆದುಕೊಂಡವು.

ಮೊದಲನೆಯದು ಕಸ್ತೂರೆವ್ವನದೇ: “ತನ್ನ ಊರಿಗಷ್ಟ ರಿ ಏನ್ರಿ ಇವಂಗ?”

ಶಾಂಭವಿ ರಾಜಶೇಖರರ ಕಡೆ ನೋಡಿದರು. ಮೂವತ್ತು ವರ್ಷ ಜತನದಿಂದ ಕಾಯ್ದಿಟ್ಟ ಫ್ರೆಂಚು ಕೊನೆಗೂ ಒಬ್ಬ ಫ್ರೆಂಚನ ಕಿವಿಗೆ ಬಿತ್ತು: ದಯಮಾಡಿ ಊರಿನ ಹೆಸರಿಗೆ ರಿ ಹಚ್ಚಿರಿ. ಹೇಳುವಾಗ ಅವರಿಗೆ ಅಳುವೇ ಬಂತು, ಆದರೆ ವ್ಯಾಕರಣ ತಪ್ಪಲಿಲ್ಲ.

ಅತಿಥಿ ಅದನ್ನು ಭಕ್ತಿಯಿಂದ ಬರೆದುಕೊಂಡು “ಗರಗರಿ” ಎಂದ. ಕಸ್ತೂರೆವ್ವ ಫ್ರಾನ್ಸನ್ನು ಕ್ಷಮಿಸಿದಳು. ಕಾರ್ಯಕ್ರಮ ಕಾಯಂ ಆಯಿತು.

ಈಗ ಚೀಲ ಹೆಗಲಿಗೇರಿಸಿದಾಗ ಪತ್ನಿ ಪ್ರಭಾವತಿ, “ಎಲ್ಲಿಗೆ ಹೊಂಟ್ರಿ?” ಎಂದು ಕೇಳಿದರೆ ರಾಜಶೇಖರ, “ಮಾಳಮಡ್ಡಿರಿಯಿಂದ ಗಬ್ಬೂರರಿಗೆ,” ಎನ್ನುತ್ತಾರೆ. ಇಬ್ಬರೂ ನಗುವುದಿಲ್ಲ.